ಗಗಾವುಜಿಯಾ: ಕಾಯ್ದೆ ಕೈಯಲ್ಲಿದ್ದೂ 30 ವರ್ಷದಿಂದ ಜಗಳ ಯಾಕೆ? ಕೊಡಗಿನ ಚರ್ಚೆಗೆ ಅದು ಎಷ್ಟು ಹೊಂದುತ್ತೆ?

ಗೋಣಿಕೊಪ್ಪ_ವಾಚಕ:

ಕೊಡಗಿನ ಸ್ವಾಯತ್ತತೆ ಅಂದರೆ ಇಲ್ಲಿ ಮಾತು ಎರಡೇ ದಾರಿ ಹಿಡಿಯುತ್ತೆ. ಒಂದು, 1956ರ ನವೆಂಬರ್ 1ಕ್ಕೆ ಮುಂಚೆ ಕೊಡಗು ‘ಸಿ’ ದರ್ಜೆಯ ರಾಜ್ಯವಾಗಿತ್ತು, 24 ಸದಸ್ಯರ ವಿಧಾನಸಭೆ ಇತ್ತು, ಸಿ.ಎಂ. ಪೂಣಚ್ಚ ಮುಖ್ಯಮಂತ್ರಿ ಆಗಿದ್ದರು ಅನ್ನೋದು. ಇನ್ನೊಂದು, ಕೊಡವ ನ್ಯಾಷನಲ್ ಕೌನ್ಸಿಲ್ (ಸಿಎನ್‌ಸಿ) ಕೇಳುತ್ತಿರುವ ಆರನೇ ಅನುಸೂಚಿ, ಅಂದರೆ ಬುಡಕಟ್ಟು ಪ್ರದೇಶಕ್ಕೆ ಸ್ವಾಯತ್ತ ಜಿಲ್ಲಾ ಪರಿಷತ್ತು ಕೊಡುವ ಸಂವಿಧಾನದ ಭಾಗ. ಮಡಿಕೇರಿಯ ಗೋಷ್ಠಿಯೊಂದಕ್ಕೆ ಇದರ ಪಕ್ಕಕ್ಕೆ ಹೊರಗಿನ ಒಂದು ಉದಾಹರಣೆ ಇಟ್ಟು ನೋಡುವ ಟಿಪ್ಪಣಿ ತಯಾರಾಗುತ್ತಿದೆ. ಆರಿಸಿಕೊಂಡದ್ದು ಮಾಲ್ಡೋವಾದ ದಕ್ಷಿಣಕ್ಕಿರುವ ಗಗಾವುಜಿಯಾ. ಸಣ್ಣ ಜನಾಂಗ, ತಮ್ಮದೇ ಭಾಷೆ, ಗುಂಡು ಹಾರಿಸದೆ ಪಡೆದ ಸ್ವಾಯತ್ತತೆ. ಓದೋಕೆ ಚೆನ್ನಾಗಿದೆ. ಆದರೆ ಕೇಂದ್ರದ ಜೊತೆ ಅವರ ಜಗಳ ನಿಂತೇ ಇಲ್ಲ.

ಬಲ್ಲವರು ಇವಿಷ್ಟು ಬಿಡಿಸಿ ಹೇಳಿ:

ಯಾವ ಊರು ಒಳಗೆ, ಯಾವ ಊರು ಹೊರಗೆ ಅಂತ ಹೇಗೆ ತೀರ್ಮಾನ ಮಾಡಿದರು? ಅಲ್ಲಿನ ಸಭೆಗೆ ನಿಜವಾಗಿ ಏನು ಅಧಿಕಾರ? ‘ವ್ಯಾಟ್ ಜಗಳ’ ಅಂತ ಎಲ್ಲ ಕಡೆ ಬರುತ್ತೆ, ಅದೇನು? ಮತ್ತೆ, ಜನ ಆರಿಸಿದ ಮುಖ್ಯಸ್ಥೆಯೇ ಜೈಲು ಸೇರಿದ್ದು ಹೇಗೆ?

---

ವಿರಾಜಪೇಟೆ_ಕಾನೂನು:

ವಾಚಕರೇ, ಮೊದಲು ಭೂಪಟ ತೆಗೆಯಿರಿ. ಗಗಾವುಜಿಯಾ ಒಂದೇ ತುಂಡು ನೆಲ ಅಲ್ಲ, ನಾಲ್ಕು ತುಂಡು. ಗಗಾವುಜಿಯಾದ ಆಡಳಿತ ಕೇಂದ್ರ ಕೊಮ್ರಾತ್ ಮತ್ತು ಚಡೀರ್-ಲುಂಗಾ ಇರೋದು ದೊಡ್ಡ ತುಂಡು. ವುಲ್ಕನೆಷ್ಟ್ ಬೇರೆ. ಕೊಪ್ಚಾಕ್, ಕರ್ಬಾಲಿಯಾ ಅನ್ನೋ ಎರಡು ಊರು ಒಂದೊಂದೇ ದ್ವೀಪದ ಹಾಗೆ. ನಾಪೋಕ್ಲು ಒಂದು ಕಡೆ, ಸಿದ್ದಾಪುರ ಇನ್ನೊಂದು ಕಡೆ, ನಡುವೆ ಬೇರೆ ಜಿಲ್ಲೆ ಅಂತ ಊಹಿಸಿಕೊಳ್ಳಿ. ಒಟ್ಟು ವಿಸ್ತೀರ್ಣ ಸುಮಾರು 1,830 ಚದರ ಕಿಲೋಮೀಟರ್, ಕೊಡಗಿನ (4,102) ಅರ್ಧವೂ ಇಲ್ಲ. 2014ರ ಜನಗಣತಿಯಲ್ಲಿ ಜನಸಂಖ್ಯೆ 1.34 ಲಕ್ಷದ ಆಸುಪಾಸು.

ಹೀಗೆ ಹರಿದು ಹಂಚಿಹೋಗಲು ಕಾರಣ ಗಡಿ ಎಳೆದ ರೀತಿ. 1994ರ ಡಿಸೆಂಬರ್ 23ರಂದು ಮಾಲ್ಡೋವಾ ಸಂಸತ್ತು ‘ಗಗಾವುಜಿಯಾದ (ಗಗಾವುಜ್ ಯೆರಿ) ವಿಶೇಷ ಕಾನೂನು ಸ್ಥಾನಮಾನ’ದ ಕಾಯ್ದೆ ಮಾಡಿತು, ಸಂಖ್ಯೆ 344. ಅದರ ಸೂತ್ರ ಸರಳ. ಗಗಾವುಜರು ಶೇ. 50ಕ್ಕಿಂತ ಹೆಚ್ಚಿರುವ ಊರು ಒಳಗೆ. ಅದಕ್ಕಿಂತ ಕಡಿಮೆ ಇದ್ದರೆ, ಊರಿನ ಮತದಾರರಲ್ಲಿ ಮೂರನೇ ಒಂದು ಭಾಗ ಕೇಳಿದರೆ ಅಲ್ಲಿ ಜನಮತ, ಬಹುಮತ ಬಂದರೆ ಸೇರ್ಪಡೆ. 1995ರ ಮಾರ್ಚ್ 5ರಂದು 36 ಊರುಗಳಲ್ಲಿ ಮತದಾನ ಆಯಿತು, 30 ಊರು ಒಳಗೆ ಬಂದವು. ಅಂದರೆ ಗೆರೆ ಎಳೆದದ್ದು ಕಿಶಿನಾವ್ ರಾಜಧಾನಿಯ ಅಧಿಕಾರಿಗಳಲ್ಲ, ಊರಿನವರು. ನಕ್ಷೆ ವಿಕಾರವಾಗಿ ಕಂಡರೂ ಗಡಿಯ ಬಗ್ಗೆ ಅಲ್ಲಿ ಇವತ್ತು ದೊಡ್ಡ ತಕರಾರಿಲ್ಲ. ಇಡೀ ಕಾಯ್ದೆಯಲ್ಲಿ ಅತ್ಯಂತ ಅಚ್ಚುಕಟ್ಟಾಗಿ ಆದ ಕೆಲಸ ಇದೇ.

ಕಾಯ್ದೆಗೆ ಮುಂಚಿನ ಕಥೆ ಚಿಕ್ಕದಾಗಿ: 1989ರ ಆಗಸ್ಟ್ 31ರಂದು ಆಗಿನ ಸೋವಿಯತ್ ಮಾಲ್ಡೋವಾ ಭಾಷಾ ಕಾನೂನು ತಂದು ಮಾಲ್ಡೋವನ್ ಭಾಷೆಯೊಂದನ್ನೇ ರಾಜ್ಯಭಾಷೆ ಮಾಡಿತು. ಗಗಾವುಜರದು ತುರ್ಕಿಕ್ ಭಾಷೆ, ಕಚೇರಿಯಲ್ಲಿ ಶಾಲೆಯಲ್ಲಿ ಬಳಸುತ್ತಿದ್ದುದು ರಷ್ಯನ್. ರೊಮೇನಿಯಾ ಜೊತೆ ವಿಲೀನದ ಕೂಗೂ ಅದೇ ಹೊತ್ತಿಗೆ ಎದ್ದಿತು. 1990ರ ಆಗಸ್ಟ್ 19ರಂದು ಕೊಮ್ರಾತ್‌ನಲ್ಲಿ ಪ್ರತ್ಯೇಕ ಗಣರಾಜ್ಯ ಘೋಷಣೆ ಆಯಿತು, ಸ್ತೆಪಾನ್ ತೊಪಾಲ್ ನಾಯಕ. ಅಕ್ಟೋಬರ್‌ನಲ್ಲಿ ಪ್ರಧಾನಿ ಮಿರ್ಚಾ ದ್ರುಕ್ ಕರೆಗೆ ಸಾವಿರಾರು ಸ್ವಯಂಸೇವಕರು ಬಸ್ಸು ಹತ್ತಿ ದಕ್ಷಿಣಕ್ಕೆ ಹೊರಟರು. ನಡುವೆ ಸೋವಿಯತ್ ಪಡೆ ನಿಂತಿದ್ದರಿಂದ ಕೈಕೈ ಮಿಲಾಯಿಸಲಿಲ್ಲ. 1992ರಲ್ಲಿ ದ್ನೀಸ್ತರ್ ನದಿಯಾಚೆ ಟ್ರಾನ್ಸ್‌ನಿಸ್ಟ್ರಿಯಾದಲ್ಲಿ ಯುದ್ಧವೇ ಆಯಿತು. 1994ರ ಚುನಾವಣೆಯಲ್ಲಿ ವಿಲೀನವಾದಿಗಳು ಸೋತು ಕೃಷಿಕ ಪಕ್ಷ ಗೆದ್ದ ಮೇಲೆ ಮಾತುಕತೆಗೆ ಜಾಗ ಸಿಕ್ಕಿತು. ಟರ್ಕಿಯ ಅಧ್ಯಕ್ಷ ದೆಮಿರೆಲ್ ‘ಮಾಲ್ಡೋವಾದ ಒಳಗೇ ಪರಿಹಾರ’ ಅಂತ ಇಬ್ಬರ ಹಿಂದೆಯೂ ನಿಂತರು.

ಈಗ ಅಧಿಕಾರ. ಹಾಲ್ಕ್ ತೊಪ್ಲುಶು ಅಂದರೆ ಜನಸಭೆ, 35 ಸದಸ್ಯರು, 4 ವರ್ಷ. ಬಾಷ್ಕಾನ್ ಅಂದರೆ ಮುಖ್ಯಸ್ಥ, ನೇರ ಚುನಾವಣೆ, 4 ವರ್ಷ, ಕನಿಷ್ಠ 35 ವಯಸ್ಸು, ಗಗಾವುಜ್ ಭಾಷೆ ಬರಲೇಬೇಕು. ಕಾರ್ಯಾಂಗಕ್ಕೆ ಬಕಾನ್ನಿಕ್ ಕಮಿತೆತಿ ಅಂತ ಹೆಸರು. ಶಿಕ್ಷಣ, ಸಂಸ್ಕೃತಿ, ಆರೋಗ್ಯ, ವಸತಿ, ನಗರ ಯೋಜನೆ, ಸ್ಥಳೀಯ ಬಜೆಟ್ ಮತ್ತು ತೆರಿಗೆ, ಆರ್ಥಿಕತೆ, ಪರಿಸರ, ಕಾರ್ಮಿಕ ಸಂಬಂಧ, ಇವುಗಳಲ್ಲಿ ಸಭೆ ಸ್ಥಳೀಯ ಕಾನೂನು ಮಾಡಬಹುದು.

ಪಟ್ಟಿ ಓದಿ ಮೋಸ ಹೋಗಬೇಡಿ. ‘ಶಿಕ್ಷಣ’ ಅಂತ ಬರೆದಿದೆ, ಆದರೆ ಶಿಕ್ಷಣದ ಎಷ್ಟು ಭಾಗ? ಪಠ್ಯಕ್ರಮವಾ, ಮೇಷ್ಟ್ರ ನೇಮಕವಾ, ಕಟ್ಟಡ ರಿಪೇರಿಯಾ? ಕೇಂದ್ರಕ್ಕೂ ಶಿಕ್ಷಣ ಸಂಹಿತೆ ಇದೆ. ನಮ್ಮ ಏಳನೇ ಅನುಸೂಚಿಯ ಹಾಗೆ ‘ಇದು ಕೇಂದ್ರದ್ದು, ಇದು ರಾಜ್ಯದ್ದು, ಇದು ಇಬ್ಬರದೂ, ಡಿಕ್ಕಿ ಹೊಡೆದರೆ ಹೀಗೆ’ ಅಂತ ಮೂರು ಪಟ್ಟಿ, 254ನೇ ವಿಧಿ ಅಲ್ಲಿಲ್ಲ. ಕಾಯ್ದೆ 344 ಕೆಲವೇ ಪುಟದ್ದು. ಪ್ರತಿ ವಿಷಯಕ್ಕೂ ಕಿಶಿನಾವ್ ಒಂದು ಓದು ಓದುತ್ತೆ, ಕೊಮ್ರಾತ್ ಇನ್ನೊಂದು.

ಮುಖ್ಯ ಬಿರುಕು ಇನ್ನೂ ಆಳದಲ್ಲಿದೆ. ಈ ಕಾಯ್ದೆ ಬದಲಿಸಲು ಸಂಸತ್ತಿನ ಐದರಲ್ಲಿ ಮೂರು ಭಾಗ, ಅಂದರೆ 101ರಲ್ಲಿ 61 ಮತ ಬೇಕು. ಸಂವಿಧಾನದ 111ನೇ ವಿಧಿಯಲ್ಲೇ ಈ ಕಾವಲು ಇದೆ, 2003ರಿಂದ ಗಗಾವುಜಿಯಾ ಹೆಸರೂ ಅಲ್ಲಿದೆ. ಕೇಳೋಕೆ ಗಟ್ಟಿ ಬೇಲಿ. ಆದರೆ ತೆರಿಗೆ ಸಂಹಿತೆ, ಚುನಾವಣಾ ಸಂಹಿತೆ, ಪ್ರಾಸಿಕ್ಯೂಟರ್ ಕಾಯ್ದೆ, ಇವನ್ನು ಬದಲಿಸಲು 61 ಬೇಡ. 51 ಅಥವಾ ಅದಕ್ಕೂ ಕಡಿಮೆ ಸಾಕು. 344ರ ಒಂದು ಅಕ್ಷರವನ್ನೂ ಮುಟ್ಟದೆ, ಪಕ್ಕದ ಕಾಯ್ದೆ ಬದಲಿಸಿ 344ರ ಒಳಗಿನದನ್ನು ಖಾಲಿ ಮಾಡಬಹುದು. ಮೂವತ್ತು ವರ್ಷದಲ್ಲಿ ಜಗಳದ ಬಹುಪಾಲು ನಡೆದದ್ದು ಈ ದಾರಿಯಲ್ಲೇ.

ಸಾಂವಿಧಾನಿಕ ನ್ಯಾಯಾಲಯಕ್ಕೆ ಹೋಗುವ ಹಕ್ಕು ಜನಸಭೆಗೆ ಇದೆ. ಅಲ್ಲಿ 6 ನ್ಯಾಯಾಧೀಶರು: ಇಬ್ಬರು ಸಂಸತ್ತಿನ ಕಡೆಯಿಂದ, ಇಬ್ಬರು ಸರ್ಕಾರದಿಂದ, ಇಬ್ಬರು ನ್ಯಾಯಾಂಗ ಮಂಡಳಿಯಿಂದ. ಕೊಮ್ರಾತ್ ಕಡೆಯಿಂದ ಒಬ್ಬರೂ ಇಲ್ಲ.

---

ಕಡಗದಾಳು_ಲೆಕ್ಕ:

ವ್ಯಾಟ್ ವಿಷಯ ನಾನು ಬಿಡಿಸುತ್ತೇನೆ. ರಾಜಕೀಯ ಭಾಷಣದಲ್ಲಿ ಇದು ‘ನಮ್ಮ ದುಡ್ಡು ಕಿತ್ಕೊಂಡರು’ ಅಂತಷ್ಟೇ ಬರುತ್ತೆ, ಲೆಕ್ಕ ಯಾರೂ ಹಾಕಿ ತೋರಿಸಲ್ಲ.

ಮಾಲ್ಡೋವಾದಲ್ಲಿ ವ್ಯಾಟ್‌ನ ಸಾಮಾನ್ಯ ದರ ಶೇ. 20. ಗಗಾವುಜಿಯಾದೊಳಗೆ ತಯಾರಾದ ಸರಕು, ಕೊಟ್ಟ ಸೇವೆ, ಇವುಗಳ ವ್ಯಾಟ್ ಕೊಮ್ರಾತ್ ಬಜೆಟ್ಟಿಗೇ ಹೋಗುತ್ತೆ. ಆದಾಯ ತೆರಿಗೆಯೂ ಅವರಲ್ಲೇ ಉಳಿಯುತ್ತೆ. ಬೇರೆ ಜಿಲ್ಲೆಗಳಿಗೆ ಈ ಭಾಗ್ಯ ಇಲ್ಲ. ಸ್ವಾಯತ್ತತೆಯಲ್ಲಿ ಕೈಗೆ ಸಿಗುವ ಭಾಗ ಇದೇ, ಉಳಿದದ್ದು ಬಾವುಟ, ಲಾಂಛನ.

ಈಗ ರಫ್ತು ಮಾಡುವವರಿಗೆ ಮರುಪಾವತಿ ಕೊಡಬೇಕಲ್ಲ? ಅಲ್ಲಿನ ದೊಡ್ಡ ಕಸುಬು ದ್ರಾಕ್ಷಿ ಮತ್ತು ವೈನ್, ಆದ್ದರಿಂದ ಅದನ್ನೇ ಇಟ್ಟುಕೊಳ್ಳೋಣ. ಅಂಕಿಗಳು ಲೆಕ್ಕಕ್ಕೆ ನಾನು ಇಟ್ಟವು.

ಕೊಮ್ರಾತ್‌ನ ವೈನ್ ಕಾರ್ಖಾನೆ ಕಿಶಿನಾವ್‌ನ ವ್ಯಾಪಾರಿಯಿಂದ 1,00,000 ಲೇ (ಮಾಲ್ಡೋವಾದ ಹಣ) ಬೆಲೆಯ ಬಾಟಲಿ, ಬಿರಡೆ ಕೊಳ್ಳುತ್ತೆ. ಮೇಲೆ 20,000 ಲೇ ವ್ಯಾಟ್. ಆ 20,000 ಹೋಗಿದ್ದು ಕೇಂದ್ರದ ಖಜಾನೆಗೆ, ಯಾಕೆಂದರೆ ಮಾರಿದವನು ಕಿಶಿನಾವ್‌ನವನು. ವೈನ್ ವಿದೇಶಕ್ಕೆ ಹೋಗುತ್ತೆ, ರಫ್ತಿಗೆ ದರ ಸೊನ್ನೆ. ಕಾರ್ಖಾನೆ 20,000 ವಾಪಸ್ ಕೇಳುತ್ತೆ. ಮೊದಲು ಕೇಂದ್ರವೇ ಕೊಡುತ್ತಿತ್ತು. ತೆರಿಗೆ ಸಂಹಿತೆ ತಿದ್ದುಪಡಿಯಾಗಿ 2024ರ ಜನವರಿ 1ರಿಂದ ಕೊಮ್ರಾತ್ ಬಜೆಟ್ಟೇ ಕೊಡಬೇಕು ಅಂತಾಯಿತು. ಅಂದರೆ ಕೊಮ್ರಾತ್ ಕಣ್ಣಲ್ಲೂ ನೋಡದ 20,000ವನ್ನು ಕೊಮ್ರಾತ್ ತನ್ನ ಜೇಬಿನಿಂದ ತೆಗೆಯಬೇಕು.

ಕೇಂದ್ರದ ವಾದಕ್ಕೂ ಬುಡ ಇದೆ. ಅದೇ ಕಾರ್ಖಾನೆ ಚಡೀರ್-ಲುಂಗಾದ ವ್ಯಾಪಾರಿಯಿಂದ ಕೊಂಡಿತು ಅಂದುಕೊಳ್ಳಿ. ಆಗ 20,000 ಸೇರಿದ್ದು ಕೊಮ್ರಾತ್ ಬಜೆಟ್ಟಿಗೆ. ಮರುಪಾವತಿ ಮಾತ್ರ ಕೇಂದ್ರ ಕೊಡುತ್ತಿತ್ತು. ವಸೂಲಿ ಇವರಿಗೆ, ವಾಪಸಾತಿ ಅವರಿಗೆ. ‘ತೆರಿಗೆ ಇಟ್ಟುಕೊಳ್ಳುವವನೇ ಮರುಪಾವತಿ ಮಾಡಲಿ’ ಅನ್ನೋದು ಈ ಸಂದರ್ಭದಲ್ಲಿ ನ್ಯಾಯವೇ.

ಎರಡೂ ಸಂದರ್ಭಕ್ಕೆ ಒಂದೇ ನಿಯಮ ಹಾಕಿದ್ದೇ ತಪ್ಪು. ಹಳೇ ನಿಯಮದಲ್ಲಿ ಕೇಂದ್ರಕ್ಕೆ ಪೆಟ್ಟು, ಹೊಸದರಲ್ಲಿ ಕೊಮ್ರಾತ್‌ಗೆ. ಬಾಟಲಿ ಎಲ್ಲಿಂದ ಬಂತು ಅಂತ ನೋಡಿ ಪಾಲು ಹಾಕಿದ್ದರೆ ಮುಗಿಯುತ್ತಿತ್ತು. ನಮ್ಮಲ್ಲಿ ಜಿಎಸ್‌ಟಿ ಮಾಡುವಾಗ ಇದೇ ಗಂಟು ಬಂದಿತ್ತು, ಅದಕ್ಕೇ ಐಜಿಎಸ್‌ಟಿ ಅಂತ ಒಂದು ಕೊಂಡಿ ಇಟ್ಟರು. ಕುಶಾಲನಗರದ ಕಾಫಿ ಕ್ಯೂರಿಂಗ್ ವರ್ಕ್ಸ್ ಕೊಯಮತ್ತೂರಿನಿಂದ ಯಂತ್ರ ತರಿಸಿದರೆ ಆ ತೆರಿಗೆ ಎರಡು ರಾಜ್ಯಗಳ ನಡುವೆ ಹೇಗೆ ಚುಕ್ತಾ ಆಗಬೇಕು ಅಂತ ವ್ಯವಸ್ಥೆ ಮಾಡಿಟ್ಟಿದ್ದಾರೆ. ಸ್ವಾಯತ್ತ ಪ್ರದೇಶ ಕೇಳುವವರು ‘ತೆರಿಗೆಯ ಪಾಲು’ ಅಂತ ಒಂದು ಸಾಲು ಬರೆದು ಸುಮ್ಮನಾಗುತ್ತಾರೆ. ವಾಪಸಾತಿ ಯಾರ ತಲೆಗೆ ಅನ್ನೋ ಸಾಲು ಬರೆಯಲ್ಲ.

---

ಶನಿವಾರಸಂತೆ_ಓದು:

ಕಾನೂನು ಸಾರ್, ಬಿರುಕಿನ ಬಗ್ಗೆ ನೀವು ಹೇಳಿದ್ದು ಸರಿ. ಆದರೆ ಪೂರ್ತಿ ಕೇಂದ್ರದ್ದೇ ತಪ್ಪು ಅನ್ನೋ ದನಿ ಬರುತ್ತಿದೆ, ಅದಕ್ಕೆ ಒಂದಿಷ್ಟು ಎದುರು ಸೇರಿಸುತ್ತೇನೆ.

2014ರ ಫೆಬ್ರವರಿ 2ರಂದು ಕೊಮ್ರಾತ್ ತಾನೇ ಒಂದು ಜನಮತ ನಡೆಸಿತು. ಮೂರು ಪ್ರಶ್ನೆ. ರಷ್ಯಾ ನೇತೃತ್ವದ ಸುಂಕ ಒಕ್ಕೂಟ ಸೇರಬೇಕೇ? ಶೇ. 98.4 ಹೌದು. ಯುರೋಪ್ ಒಕ್ಕೂಟದ ಜೊತೆ ಹತ್ತಿರ ಆಗಬೇಕೇ? ಶೇ. 97.2 ಬೇಡ. ಮಾಲ್ಡೋವಾ ತನ್ನ ಸಾರ್ವಭೌಮತ್ವ ಕಳಕೊಂಡರೆ ಗಗಾವುಜಿಯಾ ಸ್ವತಂತ್ರ ಆಗಬಹುದೇ? ಅದಕ್ಕೂ ಹೆಚ್ಚುಕಡಿಮೆ ಅಷ್ಟೇ ಹೌದು. ವಿದೇಶಾಂಗ ನೀತಿ 344ರ ಪಟ್ಟಿಯಲ್ಲಿ ಎಲ್ಲೂ ಇಲ್ಲ. ಕೇಂದ್ರ ಅದನ್ನು ಅಕ್ರಮ ಅಂದಿತು, ಕಾನೂನಿನ ಪ್ರಕಾರ ಸರಿಯಾಗೇ ಅಂದಿತು.

ಆದರೆ ಮೂರನೇ ಪ್ರಶ್ನೆ ಗಾಳಿಯಿಂದ ಬಂದದ್ದಲ್ಲ. 344ರ 1ನೇ ವಿಧಿಯ 4ನೇ ಉಪವಿಧಿ ಹೇಳುವುದು ಇಷ್ಟು: ಸ್ವತಂತ್ರ ರಾಷ್ಟ್ರವಾಗಿ ಮಾಲ್ಡೋವಾದ ಸ್ಥಾನಮಾನ ಬದಲಾದರೆ ಗಗಾವುಜ್ ಜನಕ್ಕೆ ಬಾಹ್ಯ ಸ್ವನಿರ್ಣಯದ ಹಕ್ಕಿದೆ. ಬರೆದದ್ದು ರೊಮೇನಿಯಾ ವಿಲೀನದ ಭಯಕ್ಕೆ. ಯುರೋಪ್ ಒಕ್ಕೂಟ ಸೇರುವುದು ಸ್ಥಾನಮಾನ ಬದಲಾದಂತೆ ಅಂತ ಕೊಮ್ರಾತ್‌ನ ಕೆಲವರು ಎಳೆಯುತ್ತಾರೆ. ಒಪ್ಪುವ ಹಾಗಿಲ್ಲ. ಫ್ರಾನ್ಸ್, ಪೋಲೆಂಡ್ ಒಕ್ಕೂಟದಲ್ಲಿದ್ದೂ ಸ್ವತಂತ್ರ ರಾಷ್ಟ್ರಗಳೇ. ಟಿಪ್ಪಣಿಯಲ್ಲಿ ಈ ಉಪವಿಧಿಯನ್ನು ‘ಪ್ರತ್ಯೇಕವಾಗುವ ಹಕ್ಕು’ ಅಂತ ಮಾತ್ರ ಬರೆಯಬೇಡಿ. ಷರತ್ತು ಬಿಟ್ಟರೆ ಅರ್ಥವೇ ತಲೆಕೆಳಗು.

ಬಾಷ್ಕಾನ್ ವಿಷಯ. ಇರಿನಾ ವ್ಲಾಹ್ 2015ರಿಂದ ಎರಡು ಅವಧಿ ಮುಗಿಸಿದ ಮೇಲೆ 2023ರ ಏಪ್ರಿಲ್ 30ಕ್ಕೆ ಚುನಾವಣೆ, ಮೇ 14ಕ್ಕೆ ಎರಡನೇ ಸುತ್ತು. ಯೆವ್ಗೆನಿಯಾ ಗುತ್ಸುಲ್ ಶೇ. 52ರಷ್ಟು ಮತ ಪಡೆದು ಗೆದ್ದರು. ಅಲ್ಲಿಯ ತನಕ ಹೆಸರೇ ಕೇಳಿರದವರು, ಶೋರ್ ಪಕ್ಷದ ಅಭ್ಯರ್ಥಿ. ಇಲಾನ್ ಶೋರ್ ಅಂದರೆ 2014ರಲ್ಲಿ ಮಾಲ್ಡೋವಾದ ಬ್ಯಾಂಕುಗಳಿಂದ ನೂರು ಕೋಟಿ ಡಾಲರ್ ಮಾಯವಾದ ಪ್ರಕರಣದಲ್ಲಿ ಶಿಕ್ಷೆಯಾಗಿ ದೇಶ ಬಿಟ್ಟ ಉದ್ಯಮಿ. ಗುತ್ಸುಲ್ ಗೆದ್ದ ತಿಂಗಳೊಪ್ಪತ್ತಿಗೆ, ಜೂನ್ 19ರಂದು, ಸಾಂವಿಧಾನಿಕ ನ್ಯಾಯಾಲಯ ಆ ಪಕ್ಷವನ್ನೇ ಅಸಾಂವಿಧಾನಿಕ ಅಂತ ರದ್ದು ಮಾಡಿತು.

ಇಲ್ಲಿ 344ರ ಇನ್ನೊಂದು ತೂತು ಬಾಯಿಬಿಟ್ಟಿತು. ಬಾಷ್ಕಾನ್ ಆದವರು ಹುದ್ದೆಯ ಬಲದಿಂದಲೇ ಮಾಲ್ಡೋವಾ ಸರ್ಕಾರದ ಸದಸ್ಯರು, ಅದಕ್ಕೆ ರಾಷ್ಟ್ರಾಧ್ಯಕ್ಷರ ಆದೇಶ ಬೇಕು ಅಂತ ಕಾಯ್ದೆ. ಎಷ್ಟು ದಿನದೊಳಗೆ ಆದೇಶ? ಬರೆದಿಲ್ಲ. ನಿರಾಕರಿಸಬಹುದೇ, ಯಾವ ಕಾರಣಕ್ಕೆ? ಬರೆದಿಲ್ಲ. ಅಧ್ಯಕ್ಷೆ ಮಾಯಾ ಸಾಂದು ಸಹಿ ಹಾಕಲೇ ಇಲ್ಲ. ಸಂಪುಟದ ಮೇಜಿನಲ್ಲಿ ಗಗಾವುಜಿಯಾಕ್ಕಿದ್ದ ಒಂದೇ ಕುರ್ಚಿ ಖಾಲಿ ಬಿತ್ತು. ಗುತ್ಸುಲ್ 2024ರ ಮಾರ್ಚ್‌ನಲ್ಲಿ ರಷ್ಯಾಕ್ಕೆ ಹೋಗಿ ಪುಟಿನ್‌ರನ್ನು ಕಂಡರು. 2025ರ ಮಾರ್ಚ್ 25ರಂದು ಕಿಶಿನಾವ್ ವಿಮಾನ ನಿಲ್ದಾಣದಲ್ಲಿ ಬಂಧನ, ಆಗಸ್ಟ್ 5ರಂದು 7 ವರ್ಷ ಸಜೆ. ಆರೋಪ, ಪಕ್ಷಕ್ಕೆ ರಷ್ಯಾದಿಂದ ಅಕ್ರಮ ಹಣ ಸಾಗಿಸಿದ್ದು. ಅವರು ಅಲ್ಲಗಳೆಯುತ್ತಾರೆ.

ಇದರಲ್ಲಿ ಎರಡನ್ನು ಬೇರೆ ಇಡಿ. ಹಣದ ಮೊಕದ್ದಮೆ ಒಬ್ಬ ವ್ಯಕ್ತಿಯ ಮೇಲಿನದು, ಸ್ವಾಯತ್ತತೆಯ ಮೇಲಿನದಲ್ಲ. ಸಹಿ ಹಾಕದೆ ಕೂತದ್ದು ಸ್ವಾಯತ್ತತೆಯ ಮೇಲಿನದು, ಗೆದ್ದವರು ಎಂಥವರೇ ಆಗಿರಲಿ. ಎರಡನ್ನೂ ಒಂದೇ ಗಂಟು ಕಟ್ಟುವುದರಿಂದ ಇಬ್ಬರಿಗೂ ಲಾಭ: ಕಿಶಿನಾವ್ ‘ರಷ್ಯಾದ ಕೈವಾಡ’ ಅನ್ನುತ್ತೆ, ಕೊಮ್ರಾತ್ ‘ಜನಾಂಗದ ಮೇಲೆ ದಾಳಿ’ ಅನ್ನುತ್ತೆ.

---

ವಿರಾಜಪೇಟೆ_ಕಾನೂನು:

ಒಪ್ಪಿದೆ ಮೇಷ್ಟ್ರೇ. ಆ ಸಾಲಿಗೆ ಇನ್ನೊಂದು. ಗಗಾವುಜಿಯಾದ ಪ್ರಾಸಿಕ್ಯೂಟರ್ ನೇಮಕಕ್ಕೆ ಹೆಸರು ಸೂಚಿಸುವ ಅಧಿಕಾರ 344ರ ಪ್ರಕಾರ ಜನಸಭೆಯದು, ನೇಮಿಸುವವರು ಪ್ರಧಾನ ಪ್ರಾಸಿಕ್ಯೂಟರ್. 2025ರ ಏಪ್ರಿಲ್‌ನಲ್ಲಿ ಸಾಂವಿಧಾನಿಕ ನ್ಯಾಯಾಲಯ ಜನಸಭೆಯ ಆ ಪಾತ್ರವನ್ನು ತೆಗೆದುಹಾಕಿತು. ಪ್ರಾಸಿಕ್ಯೂಷನ್ ರಾಜಕೀಯದಿಂದ ದೂರ ಇರಬೇಕು ಅನ್ನೋ ಕಾರಣ ಕೇಳೋಕೆ ಸರಿ. ಆದರೆ ಪರಿಣಾಮ ನೋಡಿ. 61 ಮತದ ಬೇಲಿ ಹಾಗೇ ನಿಂತಿದೆ, ಒಳಗಿನ ಒಂದು ಅಧಿಕಾರ ಆಚೆ ಹೋಗಿದೆ.

61ರ ಲೆಕ್ಕ ಹೇಳುವಾಗ ಸಂಸತ್ತಿನ ಬಲವನ್ನೂ ಹೇಳಿ. ಸಾಂದು ಅವರ ಪಕ್ಷಕ್ಕೆ 2021ರಲ್ಲಿ 63 ಸ್ಥಾನ ಬಂದಿತ್ತು, ಬೇಕಿದ್ದರೆ 344ನ್ನೇ ತಿದ್ದಬಹುದಿತ್ತು, ಕೈಹಾಕಲಿಲ್ಲ. 2025ರ ಸೆಪ್ಟೆಂಬರ್ 28ರ ಚುನಾವಣೆಯಲ್ಲಿ 55 ಸ್ಥಾನ. ಈಗ ಒಬ್ಬರೇ ತಿದ್ದಲಾಗದು, ಆದರೆ ಪಕ್ಕದ ಕಾಯ್ದೆಗಳಿಗೆ 55 ಧಾರಾಳ.

---

ಗೋಣಿಕೊಪ್ಪ_ವಾಚಕ:

ಎಲ್ಲರಿಗೂ ಧನ್ಯವಾದ. ಲೆಕ್ಕದವರ ಬಾಟಲಿ ಉದಾಹರಣೆ ಹಾಗೇ ಬೋರ್ಡ್ ಮೇಲೆ ಹೋಗುತ್ತೆ.

ಈಗ ಅಸಲು ಪ್ರಶ್ನೆ. ಆರನೇ ಅನುಸೂಚಿಯನ್ನು ಕಾಯ್ದೆ 344ರ ಪಕ್ಕ ಇಟ್ಟರೆ ಯಾವುದು ಗಟ್ಟಿ? ಮತ್ತೆ ‘ಶೇ. 50’ ಸೂತ್ರ ಕೊಡಗಿಗೆ ತಂದರೆ ಏನಾಗುತ್ತೆ?

---

ವಿರಾಜಪೇಟೆ_ಕಾನೂನು:

ಎರಡನೆಯದಕ್ಕೆ ಮೊದಲು ಉತ್ತರ, ಅದು ಸಣ್ಣದು. ಆಗಲ್ಲ. ಗಗಾವುಜಿಯಾದಲ್ಲಿ ಗಗಾವುಜರು ಶೇ. 80ಕ್ಕೂ ಮೇಲೆ. ಕೊಡಗಿನ ಜನಸಂಖ್ಯೆ 2011ರಲ್ಲಿ 5,54,519. ಅದೇ ಗಣತಿಯಲ್ಲಿ ಇಡೀ ದೇಶದಲ್ಲಿ ಕೊಡವ ತಕ್ಕ್ ಮಾತೃಭಾಷೆ ಅಂದವರು 1,13,857. ಬೆಂಗಳೂರು, ಮೈಸೂರಿನಲ್ಲಿ ಇರುವವರನ್ನೂ ಸೇರಿಸಿ ಎಣಿಸಿದರೂ ಜಿಲ್ಲೆಯ ಐದರಲ್ಲಿ ಒಂದು ಪಾಲು. ಉಳಿದವರು ಅರೆಭಾಷೆಯ ಗೌಡರು, ಮಲಯಾಳ, ತುಳು, ಬ್ಯಾರಿ ಮಾತಾಡುವವರು, ಯರವರು, ಕುರುಬರು, ಕನ್ನಡದವರು. ಊರೂರಿಗೆ ಜನಮತ ಅಂದರೆ ಗಗಾವುಜಿಯಾದ ನಾಲ್ಕು ತುಂಡಿನ ಬದಲು ಇಲ್ಲಿ ನಲವತ್ತು ತುಂಡು. ಕೊಡಗಿಗೆ ಯಾವ ರೀತಿಯ ಸ್ವಾಯತ್ತತೆ ಕೇಳುವುದಾದರೂ ಅದು ಜಿಲ್ಲೆಯ ಗಡಿ ಹಿಡಿದೇ ಕೇಳಬೇಕು. ಆಗ ‘ಯಾರ ಸ್ವಾಯತ್ತತೆ’ ಅನ್ನೋ ಪ್ರಶ್ನೆಗೆ ಎಲ್ಲರ ಎದುರು ಉತ್ತರ ಕೊಡಬೇಕಾಗುತ್ತೆ. ಈ ಜಾಗದಲ್ಲಿ ಗಗಾವುಜ್ ಉದಾಹರಣೆ ನಿಮ್ಮ ನೆರವಿಗೆ ಬರಲ್ಲ.

ಮೊದಲ ಪ್ರಶ್ನೆ. ಆರನೇ ಅನುಸೂಚಿ ಈಗ ಅಸ್ಸಾಂ, ಮೇಘಾಲಯ, ತ್ರಿಪುರಾ, ಮಿಜೋರಾಂನ ಬುಡಕಟ್ಟು ಪ್ರದೇಶಕ್ಕೆ ಮಾತ್ರ. ಕೊಡಗನ್ನು ಸೇರಿಸಲು ಸಂಸತ್ತು ತಿದ್ದುಪಡಿ ಮಾಡಬೇಕು. ಬರವಣಿಗೆಯಲ್ಲಿ ಅದು 344ಕ್ಕಿಂತ ಎಷ್ಟೋ ವಿವರವಾಗಿದೆ. ಜಿಲ್ಲಾ ಪರಿಷತ್ತಿಗೆ 30ಕ್ಕೆ ಮೀರದ ಸದಸ್ಯರು, ಅದರಲ್ಲಿ ರಾಜ್ಯಪಾಲರು ನೇಮಿಸುವವರು 4ಕ್ಕೆ ಮೀರಬಾರದು. ಬೋಡೋ ಪ್ರದೇಶಕ್ಕೆ ಮಾತ್ರ 46. ಪರಿಚ್ಛೇದ 3ರಲ್ಲಿ ಕಾನೂನು ಮಾಡುವ ವಿಷಯ: ಭೂಮಿ, ಮೀಸಲು ಅಲ್ಲದ ಅರಣ್ಯ, ಗ್ರಾಮಾಡಳಿತ, ಆಸ್ತಿಯ ಉತ್ತರಾಧಿಕಾರ, ಮದುವೆ, ಸಾಮಾಜಿಕ ಪದ್ಧತಿ. ಪರಿಚ್ಛೇದ 8ರಲ್ಲಿ ತೆರಿಗೆ: ಭೂಕಂದಾಯ, ವೃತ್ತಿ ತೆರಿಗೆ, ವಾಹನ, ಸಂತೆಗೆ ಬರುವ ಸರಕು. ಡಿಕ್ಕಿ ಹೊಡೆದರೆ ಯಾವುದು ನಿಲ್ಲುತ್ತೆ ಅನ್ನೋದೂ ಇದೆ. ಮೇಘಾಲಯದಲ್ಲಿ ಪರಿಷತ್ತಿನ ಕಾನೂನು ರಾಜ್ಯದ ಕಾನೂನಿಗೆ ವಿರುದ್ಧವಾದರೆ ರಾಜ್ಯದ್ದೇ ಗೆಲ್ಲುತ್ತೆ, ಪರಿಚ್ಛೇದ 12ಎ. ಕೊಮ್ರಾತ್‌ನವರು ಹುಡುಕುತ್ತಿರುವ ಸ್ಪಷ್ಟತೆ ಇಲ್ಲಿದೆ, ಆದರೆ ಉತ್ತರ ಪರಿಷತ್ತಿಗೆ ಪ್ರತಿಕೂಲ.

ಬೀಗ ಮಾತ್ರ ನಮ್ಮದು ಸಡಿಲ. ಪರಿಚ್ಛೇದ 21ರ ಪ್ರಕಾರ ಈ ಅನುಸೂಚಿ ತಿದ್ದಲು ಸಂಸತ್ತಿನ ಸಾಧಾರಣ ಬಹುಮತ ಸಾಕು, ಸಂವಿಧಾನ ತಿದ್ದುಪಡಿಯ 368ನೇ ವಿಧಿ ಅನ್ವಯಿಸಲ್ಲ. ಪಡೆಯೋದು ಸುಲಭ ಅಂತ ಇದನ್ನು ಹೊಗಳುವವರು, ಕಳೆದುಕೊಳ್ಳೋದೂ ಅಷ್ಟೇ ಸುಲಭ ಅನ್ನೋದನ್ನು ಹೇಳಲ್ಲ. ಅದರ ಮೇಲೆ, ಪರಿಷತ್ತು ಮಾಡಿದ ಕಾನೂನು ರಾಜ್ಯಪಾಲರ ಒಪ್ಪಿಗೆ ಬೀಳುವ ತನಕ ಜಾರಿಗೆ ಬರಲ್ಲ, ಒಪ್ಪಿಗೆಗೆ ಅಲ್ಲಿ ದಿನದ ಗಡುವಿಲ್ಲ. ಸಾಂದು ಸಹಿ ಹಾಕದೆ ಕೂತದ್ದು ನೆನಪಿರಲಿ, ತೂತು ಅದೇ ಜಾತಿಯದು. ಪರಿಚ್ಛೇದ 15ರಲ್ಲಿ ಪರಿಷತ್ತಿನ ನಿರ್ಣಯ ರದ್ದು ಮಾಡುವ, 16ರಲ್ಲಿ ಪರಿಷತ್ತನ್ನೇ ವಿಸರ್ಜಿಸುವ ಅಧಿಕಾರವೂ ಇದೆ.

ಕೊಡಗಿನ ದೃಷ್ಟಿಯಿಂದ ಒಂದು ವಿಷಯ ಮಾತ್ರ ಬಹಳ ದೊಡ್ಡದು: ಪರಿಚ್ಛೇದ 3ರ ‘ಭೂಮಿ’. ಜಮ್ಮಾ ಬಾಣೆಯ (ಕೊಡಗಿನ ಕುಟುಂಬಗಳ ವಂಶಪಾರಂಪರ್ಯ ಹಿಡುವಳಿಯ ಮರಗಾಡು ಭೂಮಿ) ತಕರಾರು, ಅದರ ಮರದ ಹಕ್ಕು, ಪರಭಾರೆ, ಇವೆಲ್ಲ ಈಗ ರಾಜ್ಯದ ಭೂಕಂದಾಯ ಕಾಯ್ದೆಯೊಳಗೆ ಇವೆ, 2011ರ ತಿದ್ದುಪಡಿಯೂ ಅಲ್ಲೇ. ಗಗಾವುಜರಿಗೆ ಜಗಳ ಭಾಷೆ, ತೆರಿಗೆ, ರೊಮೇನಿಯಾ. ನಮ್ಮಲ್ಲಿ ಅದು ಬಾಣೆ. ಗೋಷ್ಠಿಯಲ್ಲಿ ಅದನ್ನು ಮುಂದಿಡಿ, ಲಾಂಛನದ ಮಾತು ಆಮೇಲೆ.

---

ಕಡಗದಾಳು_ಲೆಕ್ಕ:

ವಕೀಲರೇ, ಪರಿಚ್ಛೇದ 8ರ ತೆರಿಗೆಗಳಿಂದ ಒಂದು ಪರಿಷತ್ತು ನಡೆಯಲ್ಲ ಅನ್ನೋದೂ ಸೇರಿಸಿ. ವೃತ್ತಿ ತೆರಿಗೆಗೆ ಸಂವಿಧಾನದ 276ನೇ ವಿಧಿಯಲ್ಲೇ ಒಬ್ಬರಿಗೆ ವರ್ಷಕ್ಕೆ 2,500 ರೂಪಾಯಿ ಮಿತಿ. ಕಾಫಿ, ಕಾಳುಮೆಣಸಿನ ಜಿಎಸ್‌ಟಿಯಲ್ಲಿ ಪರಿಷತ್ತಿಗೆ ನೇರ ಪಾಲಿಲ್ಲ. ಉಳಿದದ್ದು ಅನುದಾನ. ಅನುದಾನ ಯಾವ ತಿಂಗಳು ಬಿಡುಗಡೆ ಆಗುತ್ತೆ ಅನ್ನೋದು ಕೊಡುವವರ ಕೈಯಲ್ಲಿ. ದುಡ್ಡಿನ ಮಟ್ಟಿಗೆ ಕೊಮ್ರಾತ್‌ನ ವ್ಯಾಟ್ ನಮ್ಮ ಆರನೇ ಅನುಸೂಚಿಗಿಂತ ಬಲವಾದದ್ದು, ಜಗಳ ಸಮೇತ.

ಇನ್ನು, ಕರ್ನಾಟಕದಲ್ಲಿ ಜಿಲ್ಲಾ ಪಂಚಾಯಿತಿ ಅವಧಿ 2021ರಲ್ಲಿ ಮುಗಿದ ಮೇಲೆ ವರ್ಷಗಟ್ಟಲೆ ಚುನಾವಣೆಯೇ ನಡೆಯಲಿಲ್ಲ. ಇರುವ ಮನೆಗೆ ಬಾಗಿಲು ಹಾಕಿ ಹೊಸ ಮನೆಯ ನಕ್ಷೆ ನೋಡುತ್ತಿದ್ದೇವೆ.

---

ಕಾವೇರಿತೀರ_ಭಾಷೆ:

ಭಾಷೆಯನ್ನು ಯಾರೂ ಮುಟ್ಟಲಿಲ್ಲ. ಗಗಾವುಜಿಯಾದಲ್ಲಿ ಮೂರು ಅಧಿಕೃತ ಭಾಷೆ: ಗಗಾವುಜ್, ಮಾಲ್ಡೋವನ್ (2023ರಿಂದ ಕೇಂದ್ರದ ಕಾನೂನುಗಳಲ್ಲಿ ಇದರ ಹೆಸರು ರೊಮೇನಿಯನ್), ರಷ್ಯನ್. ಕಾಗದದಲ್ಲಿ ಗಗಾವುಜ್‌ಗೆ ಸಮಾನ ಸ್ಥಾನ. ಶಾಲೆಗಳಲ್ಲಿ ಬೋಧನೆ ಬಹುಮಟ್ಟಿಗೆ ರಷ್ಯನ್ನಿನಲ್ಲಿ, ಗಗಾವುಜ್ ಒಂದು ವಿಷಯ ಮಾತ್ರ. ಕೊಮ್ರಾತ್‌ನ ಮುಖ್ಯ ಬೀದಿಯ ಹೆಸರು ಇವತ್ತಿಗೂ ಲೆನಿನ್ ಬೀದಿ, ಸರ್ಕಾರಿ ಕಚೇರಿಯ ಮುಂದೆ ಲೆನಿನ್ ಪ್ರತಿಮೆ.

1957ರಲ್ಲಿ ಸಿರಿಲಿಕ್ ಲಿಪಿ ಕೊಟ್ಟರು, 1990ರ ದಶಕದಲ್ಲಿ ಲ್ಯಾಟಿನ್‌ಗೆ ಬದಲಾಯಿತು. ಲಿಪಿ ಬದಲಾಯಿಸಿದರೆ ಅಜ್ಜ ಓದಿದ ಪುಸ್ತಕ ಮೊಮ್ಮಗನಿಗೆ ದಕ್ಕಲ್ಲ. ಕೊಡವ ತಕ್ಕ್‌ಗೆ ಬೇರೆ ಲಿಪಿ ಬೇಕು ಅನ್ನುವವರು ಈ ಭಾಗ ಎರಡು ಸಲ ಓದಲಿ. ಸ್ವಂತ ಸಭೆ, ಸ್ವಂತ ಶಿಕ್ಷಣಾಧಿಕಾರ, 1991ರಿಂದ ಕೊಮ್ರಾತ್‌ನಲ್ಲಿ ವಿಶ್ವವಿದ್ಯಾಲಯ, ಇಷ್ಟಿದ್ದೂ ಯುನೆಸ್ಕೋ ಪಟ್ಟಿಯಲ್ಲಿ ಗಗಾವುಜ್ ಅಪಾಯದಲ್ಲಿರುವ ಭಾಷೆ. ನಮ್ಮದೂ ಅದೇ ಪಟ್ಟಿಯಲ್ಲಿದೆ. ಅಕಾಡೆಮಿ ಕೊಡವಕ್ಕೂ ಇದೆ, ಅರೆಭಾಷೆಗೂ ಇದೆ. ಮನೆಯಲ್ಲಿ ಮಕ್ಕಳ ಜೊತೆ ಯಾವುದರಲ್ಲಿ ಮಾತಾಡುತ್ತಾರೆ ಅನ್ನೋದನ್ನು ಯಾವ ಸಭೆಯೂ ಕಾಯ್ದೆ ಮಾಡಿಲ್ಲ.

ಒಂದು ಸಣ್ಣ ತಿದ್ದುಪಡಿ. ಟಿಪ್ಪಣಿಯಲ್ಲಿ ‘ತುರ್ಕಿ ಮುಸ್ಲಿಮರು’ ಅಂತ ಬರೆದುಬಿಡಬೇಡಿ, ತುಂಬಾ ಜನ ಎಡವುವ ಜಾಗ. ಗಗಾವುಜರು ಆರ್ಥೊಡಾಕ್ಸ್ ಕ್ರೈಸ್ತರು. ರಷ್ಯಾ–ತುರ್ಕಿ ಯುದ್ಧಗಳ ಕಾಲದಲ್ಲಿ, 19ನೇ ಶತಮಾನದ ಮೊದಲ ದಶಕಗಳಲ್ಲಿ, ಈಗಿನ ಈಶಾನ್ಯ ಬಲ್ಗೇರಿಯಾ ಕಡೆಯಿಂದ, ಈಗ ಅವರಿರುವ ಬುಜಾಕ್ ಬಯಲಿಗೆ ಬಂದವರು.

---

ಗೋಣಿಕೊಪ್ಪ_ವಾಚಕ:

ಟಿಪ್ಪಣಿಯ ಹೆಸರು ‘ಗಗಾವುಜ್ ಮಾದರಿ’ ಅಂತ ಇತ್ತು, ‘ಗಗಾವುಜ್ ಕಾಯ್ದೆಯ ತೂತುಗಳು’ ಅಂತ ಬದಲಾಯಿಸಿದೆ. ಮೊದಲ ಪುಟಕ್ಕೆ 61 ಮತ್ತು 51, ಎರಡನೆಯದಕ್ಕೆ ವೈನ್ ಬಾಟಲಿ, ಮೂರನೆಯದಕ್ಕೆ ಗಡುವಿಲ್ಲದ ಸಹಿ. ಕೊನೆಗೆ ಬಾಣೆ.

---

ಶನಿವಾರಸಂತೆ_ಓದು:

ಒಂದು ಎಚ್ಚರ. 35 ಸದಸ್ಯರ ಸಂಖ್ಯೆ, 35 ಕನಿಷ್ಠ ವಯಸ್ಸು, ಮತದಾನ ಆದದ್ದು 36 ಊರು, ಸೇರಿದ್ದು 30. ಟೈಪ್ ಮಾಡುವಾಗ ಇವು ಅದಲುಬದಲಾಗುತ್ತವೆ. ಮತ್ತೆ 2024ರ ಅಕ್ಟೋಬರ್ 20ರ ಯುರೋಪ್ ಜನಮತವನ್ನು 2014ರದರ ಜೊತೆ ಬೆರೆಸಬೇಡಿ. 2024ರದು ಕೇಂದ್ರವೇ ದೇಶಾದ್ಯಂತ ನಡೆಸಿದ್ದು. ದೇಶದಲ್ಲಿ ಕೂದಲೆಳೆ ಅಂತರದಲ್ಲಿ ‘ಹೌದು’ ಗೆದ್ದಿತು, ಶೇ. 50ರ ಮೇಲೆ ಅರ್ಧವೂ ಇಲ್ಲ. ಗಗಾವುಜಿಯಾದಲ್ಲಿ ‘ಬೇಡ’ ಶೇ. 95ರ ಹತ್ತಿರ.